ಸುಡಾನಿನ ಡಾ. ಅಬ್ದೆಲ್ ಹಲೀಮ್ ಮೊಹಮ್ಮದ್: ವೈದ್ಯ, ಕಾಲ್ಚೆಂಡಿನ ಮುಖಂಡ, ಆರು ತಿಂಗಳ ರಾಷ್ಟ್ರನಾಯಕ

ಹಳೆಯ ನಕಾಶೆ (ಚರ್ಚೆ ಆರಂಭಿಸಿದವರು)

ವಸಾಹತು ಆಳ್ವಿಕೆ ಮುಗಿದ ಮೇಲಿನ ಆಫ್ರಿಕಾದ ಮಾತು ಬಂದಾಗ ನಮ್ಮ ಚರ್ಚೆಗಳು ಎನ್‌ಕ್ರುಮಾ, ನೈರೇರೆ, ಮಂಡೇಲಾ ಎಂಬ ಮೂರು ಹೆಸರುಗಳನ್ನೇ ಸುತ್ತಿ ಅಲ್ಲಿಗೇ ನಿಂತುಬಿಡುತ್ತವೆ. ಕೆಲವು ತಿಂಗಳಿಂದ ನಾನು ಸುಡಾನಿನ ಚರಿತ್ರೆಯನ್ನು ಓದುತ್ತಿದ್ದೇನೆ. ಈ ಓದಿನಲ್ಲಿ ಒಂದೇ ಹೆಸರು ಮೂರು ಕಡೆ, ಮೂರು ಬೇರೆ ಬೇರೆ ಕಾರಣಗಳಿಗಾಗಿ ಎದುರಾಯಿತು. ವೈದ್ಯಕೀಯದ ಚರಿತ್ರೆಯಲ್ಲಿ ಒಬ್ಬ ಅಬ್ದೆಲ್ ಹಲೀಮ್ ಮೊಹಮ್ಮದ್ ಇದ್ದರು, ಆಫ್ರಿಕಾದ ಫುಟ್‌ಬಾಲ್ ಒಕ್ಕೂಟದ ಅಧ್ಯಕ್ಷರ ಸಾಲಿನಲ್ಲಿ ಒಬ್ಬರು, ಸೇನಾ ಆಡಳಿತವನ್ನು ಕೆಳಗಿಳಿಸಿದ 1964ರ ಅಕ್ಟೋಬರ್ ಕ್ರಾಂತಿಯ ನಂತರದ ರಾಷ್ಟ್ರನಾಯಕರ ಪಟ್ಟಿಯಲ್ಲಿ ಇನ್ನೊಬ್ಬರು. ನಮ್ಮೂರಲ್ಲಿ ಮಂಜುನಾಥ ಎಂದು ಕೂಗಿದರೆ ನಾಲ್ವರು ತಿರುಗಿ ನೋಡುವಂತೆ ಅಲ್ಲಿಯೂ ಇರಬಹುದೆಂದುಕೊಂಡು ಇವರನ್ನು ಮೂವರೆಂದೇ ಎಣಿಸಿದ್ದೆ. ಮೂವರೂ ಒಬ್ಬರೇ ಎಂದು ತಿಳಿದಾಗ ಹಿಂದಿನ ಪುಟಗಳನ್ನೆಲ್ಲ ಮತ್ತೆ ತಿರುವಿ ನೋಡಬೇಕಾಯಿತು.

ಅವರು 1910ರಲ್ಲಿ ಹುಟ್ಟಿದರು. ಆಗ ಸುಡಾನ್ ಬ್ರಿಟನ್ ಮತ್ತು ಈಜಿಪ್ಟಿನ ಜಂಟಿ ಆಡಳಿತದಲ್ಲಿತ್ತು. ಜಂಟಿ ಎನ್ನುವುದು ಕಾಗದದ ಮೇಲಿನ ಮಾತು, ಚುಕ್ಕಾಣಿಯೆಲ್ಲ ಬ್ರಿಟಿಷರ ಕೈಯಲ್ಲೇ ಇತ್ತು. ರಾಜಧಾನಿ ಖಾರ್ತೂಮಿನ ಕಿಚನರ್ ವೈದ್ಯಕೀಯ ಶಾಲೆ 1924ರಲ್ಲಿ ತೆರೆಯಿತು, ಹಲೀಮ್ ಅಲ್ಲಿಂದ 1933ರಲ್ಲಿ ಪದವಿ ಪಡೆದು ಹೊರಬಂದರು. 1898ರ ಯುದ್ಧದಲ್ಲಿ, ಖಾರ್ತೂಮಿಗೆ ಎದುರು ದಡದ ಊರಾದ ಒಮ್ದುರ್ಮಾನಿನ ಹೊರಗೆ ಸಾವಿರಾರು ಸುಡಾನಿಗಳನ್ನು ಮೆಷಿನ್ ಗನ್ನಿಗೆ ಆಹುತಿ ಕೊಟ್ಟ ಸೇನಾಪತಿಯ ಹೆಸರನ್ನೇ ಆ ಊರಿನ ಮಕ್ಕಳು ಪ್ರಾಣ ಉಳಿಸುವ ವಿದ್ಯೆ ಕಲಿಯುವ ಶಾಲೆಗೆ ಇಡಲಾಗಿತ್ತು ಎಂಬುದನ್ನು ಓದಿ ಪುಸ್ತಕವನ್ನು ಸ್ವಲ್ಪ ಹೊತ್ತು ಮುಚ್ಚಿಟ್ಟಿದ್ದೆ.

1930ರ ದಶಕದ ಖಾರ್ತೂಮ್ ಮತ್ತು ಒಮ್ದುರ್ಮಾನಿನಲ್ಲಿ ಓದಿದವರ ಸಂಖ್ಯೆ ಬಹಳ ಸಣ್ಣದು. ಸಂಜೆ ಯಾರದೋ ಮನೆಯಂಗಳದಲ್ಲಿ ಸೇರಿ ಪುಸ್ತಕ ಓದುವ, ಓದಿದ್ದರ ಮೇಲೆ ವಾದ ಮಾಡುವ ಕೂಟಗಳಿದ್ದವು, 1934ರಲ್ಲಿ ಅವರಲ್ಲೇ ಕೆಲವರು 'ಅಲ್ ಫಜ್ರ್' ಎಂಬ ಪತ್ರಿಕೆ ಆರಂಭಿಸಿದರು. ಆ ಬಳಗದಲ್ಲಿದ್ದ ಮೊಹಮ್ಮದ್ ಅಹ್ಮದ್ ಮಹ್ಜೂಬ್ ಹಲೀಮರಿಗೆ ಹತ್ತಿರದ ಬಂಧು. ಎಂಜಿನಿಯರಿಂಗ್ ಓದಿ, ಆಮೇಲೆ ಕಾನೂನು ಓದಿ, ಕವಿತೆ ಬರೆದು, ಕೊನೆಗೆ ಎರಡು ಬಾರಿ ಪ್ರಧಾನಿಯಾದ ಮನುಷ್ಯ ಅವರು. 1946ರಲ್ಲಿ ಈ ಇಬ್ಬರೂ ಸೇರಿ ತಮ್ಮ ಎಳವೆಯ ನೆನಪುಗಳನ್ನು ಒಂದು ಪುಸ್ತಕವಾಗಿ ಬರೆದರು. ಇಬ್ಬರು ಕೂಡಿ ಒಂದೇ ಆತ್ಮಕಥೆ ಬರೆದದ್ದನ್ನು ನಾನು ಬೇರೆಲ್ಲೂ ಕಂಡಿಲ್ಲ.

ನನ್ನ ವಾದ ಇಷ್ಟೇ. ನಾವು 'ವೈದ್ಯ', 'ಕ್ರೀಡೆ', 'ರಾಜಕಾರಣ' ಎಂದು ಮೂರು ಗೆರೆ ಎಳೆದು ಈ ಬದುಕನ್ನು ನೋಡಿ, ಒಬ್ಬ ಮನುಷ್ಯ ಇಷ್ಟನ್ನೆಲ್ಲ ಮಾಡಿದನೇ ಎಂದು ಬೆರಗಾಗುತ್ತೇವೆ. ಆದರೆ 1956ರ ಜನವರಿ 1ರಂದು ಸ್ವತಂತ್ರವಾದ ದೇಶವೊಂದರಲ್ಲಿ ಆ ಗೆರೆಗಳೇ ಇರಲಿಲ್ಲ. ಸಭೆ ನಡೆಸಬಲ್ಲವರು, ಹೊರದೇಶದ ಪತ್ರಕ್ಕೆ ಉತ್ತರ ಬರೆಯಬಲ್ಲವರು, ನಿಯಮಾವಳಿ ಕರಡು ಮಾಡಬಲ್ಲವರು ಎಂದರೆ ಬೆರಳೆಣಿಕೆಯ ಜನ. ಆಸ್ಪತ್ರೆಯ ಕೆಲಸವೂ ಅವರದೇ, ಫುಟ್‌ಬಾಲ್ ಸಂಘವೂ ಅವರದೇ, ದೇಶ ಕವಲುದಾರಿಗೆ ಬಂದು ನಿಂತಾಗ ಹೆಗಲು ಕೊಡಬೇಕಾದವರೂ ಅವರೇ. ಮೊದಲ ಚುನಾವಣೆ ನಡೆಸಲು ಸುಡಾನ್ ನಮ್ಮ ದೇಶದ ಮೊದಲ ಮುಖ್ಯ ಚುನಾವಣಾ ಆಯುಕ್ತ ಸುಕುಮಾರ್ ಸೇನ್ ಅವರನ್ನು 1953ರಲ್ಲಿ ಕರೆಸಿಕೊಂಡಿತ್ತು ಎಂಬುದನ್ನೂ ಇಲ್ಲಿ ನೆನೆಯಬಹುದು.

ವೈದ್ಯಕೀಯದ ಬಗ್ಗೆಯೂ ಫುಟ್‌ಬಾಲಿನ ಬಗ್ಗೆಯೂ ನನಗಿಂತ ಹೆಚ್ಚು ಬಲ್ಲವರು ಇಲ್ಲಿದ್ದೀರಿ. ದಯವಿಟ್ಟು ತಿದ್ದಿ, ಸೇರಿಸಿ.

ತುಂಗಾತೀರ

ಒಳ್ಳೆಯ ವಿಷಯ ಎತ್ತಿದ್ದೀರಿ, ಆದರೆ ಒಂದು ತಕರಾರಿದೆ. ಫುಟ್‌ಬಾಲ್ ಸಂಸ್ಥೆಯ ಅಧ್ಯಕ್ಷರಾದವರನ್ನೆಲ್ಲ ಕ್ರೀಡೆಯ ಜನ ಎನ್ನಲು ಹೊರಟರೆ ನಮ್ಮ ದೇಶದ ಅರ್ಧದಷ್ಟು ಮಂತ್ರಿಗಳು ಕ್ರೀಡಾಪಟುಗಳಾಗಿಬಿಡುತ್ತಾರೆ. ಆಫ್ರಿಕಾದಲ್ಲಿ ನಿಜವಾಗಿ ಕಣಕ್ಕಿಳಿದು ಹೆಸರು ಮಾಡಿ, ಆಮೇಲೆ ಬೇರೆ ಹೊಣೆ ಹೊತ್ತವರು ಇದ್ದಾರಲ್ಲ? ನೈಜೀರಿಯಾದ ರಾಜಮನೆತನದ ಅಡೆಗ್ಬೊಯೇಗ ಅಡೆಡೊಯಿನ್ ಬೆಲ್‌ಫಾಸ್ಟಿನಲ್ಲಿ ವೈದ್ಯಕೀಯ ಓದುತ್ತಿರುವಾಗಲೇ 1948ರ ಲಂಡನ್ ಒಲಿಂಪಿಕ್ಸಿನಲ್ಲಿ ಬ್ರಿಟನ್ನಿನ ಪರವಾಗಿ ಉದ್ದ ಜಿಗಿತ ಮತ್ತು ಎತ್ತರ ಜಿಗಿತ ಎರಡರಲ್ಲೂ ಸ್ಪರ್ಧಿಸಿದರು, ಉದ್ದ ಜಿಗಿತದಲ್ಲಿ ಐದನೆಯವರಾದರು. ಸೆನೆಗಲ್‌ನ ಹಬೀಬ್ ತಿಯಾಮ್ ಓಟಗಾರರಾಗಿದ್ದು ಪ್ರಧಾನಿಯಾದವರು. ಅದೇ ದೇಶದ ಲಮೀನ್ ಜಾಕ್ 1958ರಲ್ಲಿ ಫ್ರಾನ್ಸಿನ ಉದ್ದ ಜಿಗಿತದ ಚಾಂಪಿಯನ್, ಆಮೇಲೆ ಡಕಾರ್ ನಗರದ ಮೇಯರ್, ಆಮೇಲೆ ವಿಶ್ವ ಅಥ್ಲೆಟಿಕ್ಸ್ ಸಂಸ್ಥೆಯ ಅಧ್ಯಕ್ಷ, ಕಡೆಗೆ 2020ರಲ್ಲಿ ಪ್ಯಾರಿಸ್ ನ್ಯಾಯಾಲಯದಲ್ಲಿ ಭ್ರಷ್ಟಾಚಾರದ ಅಪರಾಧಿ. ಇವರ ಬದಲು ಹಲೀಮರನ್ನೇ ಏಕೆ ಆರಿಸಿಕೊಂಡಿರಿ?

ಕಾಲ್ಚೆಂಡಿನ ಹುಚ್ಚು

ತುಂಗಾತೀರದವರ ಪ್ರಶ್ನೆಗೆ ನಾನು ಉತ್ತರಿಸುತ್ತೇನೆ, ಏಕೆಂದರೆ ಇದು ನನ್ನ ಗದ್ದೆ. ಚರಿತ್ರೆಯಲ್ಲಿ ಹಲೀಮರ ಹೆಸರು ಉಳಿದಿರುವುದು ಗೋಲು ಹೊಡೆದವರಾಗಿ ಅಲ್ಲ, ಗೋಲು ಹೊಡೆಯಲು ಒಂದು ಖಂಡಕ್ಕೆ ಅಂಗಳ ಹಾಕಿಕೊಟ್ಟವರಾಗಿ. ನಮ್ಮ ಕಾಲದ ಅಧ್ಯಕ್ಷಗಿರಿಯ ಅಳತೆಗೋಲಿನಿಂದ ಅದನ್ನು ಅಳೆಯಬಾರದು.

1956ರ ಜೂನ್ ತಿಂಗಳಲ್ಲಿ ಲಿಸ್ಬನ್ನಿನಲ್ಲಿ ಫಿಫಾ ಅಧಿವೇಶನ ನಡೆಯಿತು. ಅಲ್ಲಿಗೆ ಆಫ್ರಿಕಾದಿಂದ ಹೋದವರು ಈಜಿಪ್ಟ್, ಸುಡಾನ್ ಮತ್ತು ದಕ್ಷಿಣ ಆಫ್ರಿಕಾದ ಬೆರಳೆಣಿಕೆಯ ಪ್ರತಿನಿಧಿಗಳು. ಸುಡಾನಿನ ಮೂವರಲ್ಲಿ ಹಲೀಮ್ ಒಬ್ಬರು. ಅವರ ದೇಶ ಸ್ವತಂತ್ರವಾಗಿ ಆರು ತಿಂಗಳೂ ತುಂಬಿರಲಿಲ್ಲ. ಆಫ್ರಿಕಾಕ್ಕೆ ತನ್ನದೇ ಫುಟ್‌ಬಾಲ್ ಒಕ್ಕೂಟ ಬೇಕೆಂಬ ಮಾತು ಗಟ್ಟಿಯಾದದ್ದು ಅಲ್ಲಿ. 1957ರ ಫೆಬ್ರವರಿ 8ರಂದು ಖಾರ್ತೂಮಿನಲ್ಲಿ, ನೀಲಿ ನೈಲ್ ನದಿಯ ದಡದ ಗ್ರ್ಯಾಂಡ್ ಹೋಟೆಲಿನಲ್ಲಿ ಸೇರಿದ ಸಭೆ ಆ ಒಕ್ಕೂಟವನ್ನು ಸ್ಥಾಪಿಸಿತು. ಈಜಿಪ್ಟಿನ ಅಬ್ದೆಲ್ ಅಜೀಜ್ ಸಾಲೆಮ್ ಮೊದಲ ಅಧ್ಯಕ್ಷರಾದರು. ಎರಡೇ ದಿನದಲ್ಲಿ ಅದೇ ಊರಿನಲ್ಲಿ ಮೊದಲ ಆಫ್ರಿಕಾ ಕಪ್ ಆರಂಭವಾಯಿತು.

ಇಡೀ ಪಂದ್ಯಾವಳಿಯಲ್ಲಿ ಆಡಿದ್ದು ಎರಡೇ ಪಂದ್ಯ, ಮತ್ತು ಅದಕ್ಕೆ ಕಾರಣವಿದೆ. ಸ್ಥಾಪಕ ದೇಶಗಳು ನಾಲ್ಕು: ಈಜಿಪ್ಟ್, ಸುಡಾನ್, ಇಥಿಯೋಪಿಯಾ, ದಕ್ಷಿಣ ಆಫ್ರಿಕಾ. ದಕ್ಷಿಣ ಆಫ್ರಿಕಾದ ಪ್ರತಿನಿಧಿ ಫ್ರೆಡ್ ಫೆಲ್, ತಾವು ಕಳಿಸುವುದಾದರೆ ಬಿಳಿಯರ ತಂಡವನ್ನೇ ಕಳಿಸುತ್ತೇವೆ, ಇಲ್ಲವೇ ಕರಿಯರ ತಂಡವನ್ನೇ ಕಳಿಸುತ್ತೇವೆ, ಎರಡನ್ನೂ ಬೆರೆಸಿದ ತಂಡವನ್ನು ಕಳಿಸಲಾಗದು ಎಂದರು. ಉಳಿದ ಮೂರು ದೇಶಗಳು ಹಾಗಾದರೆ ಬರುವುದೇ ಬೇಡ ಎಂದವು. ದಕ್ಷಿಣ ಆಫ್ರಿಕಾದ ಎದುರು ಸೆಮಿಫೈನಲ್ ಆಡಬೇಕಿದ್ದ ಇಥಿಯೋಪಿಯಾ ಆಡದೆಯೇ ಫೈನಲ್ ತಲುಪಿತು. ಇನ್ನೊಂದು ಸೆಮಿಫೈನಲಿನಲ್ಲಿ ಈಜಿಪ್ಟಿನ ರಾಫತ್ ಅತ್ತಿಯಾ ಪೆನಾಲ್ಟಿಯಿಂದ ಮೊದಲ ಗೋಲು ಹೊಡೆದರು, ದ್ವಿತೀಯಾರ್ಧದಲ್ಲಿ ಬುರಾಯಿ ಬಶೀರ್ ಸುಡಾನನ್ನು ಸಮಕ್ಕೆ ತಂದರು, ಅದ್ ದೀಬಾ ಎಂಬ ಅಡ್ಡಹೆಸರಿನ ಎಲ್ ಅತ್ತಾರ್ ಹೊಡೆದ ಗೋಲಿನಿಂದ ಈಜಿಪ್ಟ್ 2-1ರಿಂದ ಗೆದ್ದಿತು. ಫೆಬ್ರವರಿ 16ರ ಫೈನಲಿನಲ್ಲಿ ಇಥಿಯೋಪಿಯಾ ವಿರುದ್ಧದ ನಾಲ್ಕು ಗೋಲುಗಳನ್ನೂ ಅವರೊಬ್ಬರೇ ಹೊಡೆದರು. ಹನ್ನೊಂದು ವರ್ಷದ ಬಳಿಕ 1968ರ ಫೈನಲಿನಲ್ಲಿ ರೆಫರಿಯಾಗಿ ಸೀಟಿ ಊದಿದವರೂ ಅವರೇ. ಹಲೀಮರ ಕಾಲದ ಆಫ್ರಿಕಾದಲ್ಲಿ ಪಾತ್ರಗಳು ಹೀಗೆಯೇ ಕಲಸಿಕೊಂಡಿದ್ದವು.

ದಕ್ಷಿಣ ಆಫ್ರಿಕಾವನ್ನು ಫಿಫಾ ಅಮಾನತು ಮಾಡಿದ್ದು 1961ರಲ್ಲಿ. 1963ರಲ್ಲಿ ಅದನ್ನು ತೆರವುಗೊಳಿಸಿ, ಆಫ್ರಿಕಾದವರ ಒತ್ತಡಕ್ಕೆ ಮಣಿದು 1964ರಲ್ಲಿ ಮತ್ತೆ ಹೇರಿ, ಕಡೆಗೆ ಹೊರಹಾಕಿದ್ದು 1976ರಲ್ಲಿ. ಹುಟ್ಟಿ ಎರಡು ದಿನವೂ ಆಗದ ಒಕ್ಕೂಟ 1957ರಲ್ಲಿ ಹೇಳಿದ್ದನ್ನು ಅರಗಿಸಿಕೊಳ್ಳಲು ದೊಡ್ಡ ಸಂಸ್ಥೆಗೆ ಹತ್ತೊಂಬತ್ತು ವರ್ಷ ಹಿಡಿಯಿತು.

ಹಲೀಮ್ ಒಕ್ಕೂಟದ ಅಧ್ಯಕ್ಷರಾಗಿದ್ದದ್ದು 1968ರಿಂದ 1972ರವರೆಗೆ. ಆಫ್ರಿಕಾಕ್ಕೆ ಒಂದೂ ಖಚಿತ ಸ್ಥಾನ ಕೊಡದಿದ್ದುದಕ್ಕೆ ಅಲ್ಲಿನ ದೇಶಗಳೆಲ್ಲ 1966ರ ವಿಶ್ವಕಪ್ಪನ್ನು ಬಹಿಷ್ಕರಿಸಿದ್ದವು, ಆ ಜಗಳದ ಫಲವಾಗಿ ದಕ್ಕಿದ ಸ್ಥಾನದಲ್ಲಿ 1970ರಲ್ಲಿ ಮೊರಾಕೊ ಮೆಕ್ಸಿಕೊಗೆ ಹೋಗಿ ಬಲ್ಗೇರಿಯಾದೊಂದಿಗೆ 1-1ರ ಸಮ ಸಾಧಿಸಿತು. ಅದೇ ವರ್ಷದ ಫೆಬ್ರವರಿಯಲ್ಲಿ ಖಾರ್ತೂಮಿನಲ್ಲಿ ಸುಡಾನ್ ಘಾನಾವನ್ನು 1-0ಯಿಂದ ಸೋಲಿಸಿ ಆಫ್ರಿಕಾ ಕಪ್ ಗೆದ್ದಿತು. ಸುಡಾನ್ ಆ ಕಪ್ಪನ್ನು ಗೆದ್ದದ್ದು ಇಂದಿನವರೆಗೂ ಅದೊಂದೇ ಬಾರಿ, ಮತ್ತು ಆಗ ಒಕ್ಕೂಟದ ಅಧ್ಯಕ್ಷ ಪೀಠದಲ್ಲಿ ಕೂತಿದ್ದವರು ಅದೇ ಊರಿನ ಡಾಕ್ಟರು.

ಹಲೀಮರ ನಂತರ ಅಧ್ಯಕ್ಷರಾದ ಇಥಿಯೋಪಿಯಾದ ಯಿದ್ನೆಕಾಚೆವ್ ತೆಸ್ಸೆಮಾ ನಿಜವಾದ ಆಟಗಾರ, ತರಬೇತುದಾರ. 1987ರಲ್ಲಿ ತೆಸ್ಸೆಮಾ ಅಧಿಕಾರದಲ್ಲಿದ್ದಾಗಲೇ ತೀರಿಕೊಂಡರು. ಆ ಖಾಲಿ ಕುರ್ಚಿಯನ್ನು ತಾತ್ಕಾಲಿಕವಾಗಿ ನೋಡಿಕೊಳ್ಳಲು ಒಕ್ಕೂಟ ಕರೆದದ್ದು ಎಪ್ಪತ್ತೇಳು ವರ್ಷದ ಹಲೀಮರನ್ನು. ಅವರು ಬಂದರು, 1988ರಲ್ಲಿ ಕ್ಯಾಮರೂನಿನ ಇಸ್ಸಾ ಹಯಾತೂ ಆಯ್ಕೆಯಾದ ಮೇಲೆ ಎದ್ದು ಹೋದರು. ಹಯಾತೂ 2017ರವರೆಗೆ, ಅಂದರೆ ಇಪ್ಪತ್ತೊಂಬತ್ತು ವರ್ಷ, ಆ ಕುರ್ಚಿ ಬಿಟ್ಟು ಏಳಲಿಲ್ಲ. ನಾನು ಜಾಕ್ ಅವರನ್ನಲ್ಲ, ಹಲೀಮರನ್ನು ಏಕೆ ಆರಿಸುತ್ತೇನೆ ಎಂಬುದು ಇದರಲ್ಲೇ ಇದೆ.

ನಿವೃತ್ತ ಫಿಸಿಷಿಯನ್

ನಾನು ವೈದ್ಯಕೀಯ ಕಾಲೇಜೊಂದರಲ್ಲಿ ಬಹಳ ವರ್ಷ ಪಾಠ ಹೇಳಿದವನು, ಆದ್ದರಿಂದ ಹಲೀಮರ ಬದುಕಿನ ಮೊದಲನೆಯ ಭಾಗದ ಬಗ್ಗೆ ಮಾತ್ರ ಬರೆಯುತ್ತೇನೆ. ಹಳೆಯ ನಕಾಶೆಯವರು ಒಂದು ಮುಖ್ಯ ಸಂಗತಿಯನ್ನು ಬಿಟ್ಟಿದ್ದಾರೆ. 1948ರಲ್ಲಿ ಹಲೀಮ್ ಲಂಡನ್ನಿನ ರಾಯಲ್ ಕಾಲೇಜ್ ಆಫ್ ಫಿಸಿಷಿಯನ್ಸ್‌ನ ಸದಸ್ಯತ್ವ ಪಡೆದರು, ನಮ್ಮ ಮಾತಿನಲ್ಲಿ ಹೇಳುವುದಾದರೆ ಎಂಆರ್‌ಸಿಪಿ ಮಾಡಿದರು. ಸುಡಾನಿನವರಲ್ಲಿ ಅವರೇ ಮೊದಲಿಗರು.

ಆ ಪರೀಕ್ಷೆ ಆ ಕಾಲದಲ್ಲಿ ಏನಾಗಿತ್ತೆಂಬುದು ಇಂದಿನ ಹುಡುಗರಿಗೆ ತಿಳಿಯುವುದು ಕಷ್ಟ. ಸ್ಕ್ಯಾನ್ ಇಲ್ಲ, ಅಲ್ಟ್ರಾಸೌಂಡ್ ಇಲ್ಲ. ಗುರುತಿಲ್ಲದ ರೋಗಿಯ ಮಂಚದ ಬಳಿ ನಿಲ್ಲಿಸುತ್ತಾರೆ, ಪರೀಕ್ಷಕರು ಕೈ ಕಟ್ಟಿ ನೋಡುತ್ತಿರುತ್ತಾರೆ. ನಾಡಿ ಹಿಡಿಯಬೇಕು, ಉಗುರು ನೋಡಬೇಕು, ಎದೆಗೆ ಬೆರಳಿಟ್ಟು ತಟ್ಟಬೇಕು, ಕಿವಿಗೊಟ್ಟು ಕೇಳಬೇಕು, ಮತ್ತು ಕೇಳಿದ ಸದ್ದಿಗೆ ಹೆಸರು ಹೇಳಬೇಕು. ಇಂಗ್ಲೆಂಡಿನ ಆಸ್ಪತ್ರೆಯ ರೋಗಿಗಳಿಗೆ ಇರುವುದು ಇಂಗ್ಲೆಂಡಿನ ಕಾಯಿಲೆಗಳು. ಖಾರ್ತೂಮಿನಲ್ಲಿ ಮಲೇರಿಯಾ, ಕಾಲಾ ಆಜಾರ್ ಜ್ವರಗಳಿಂದ ಊದಿಕೊಂಡ ಗುಲ್ಮವನ್ನು (ಸ್ಪ್ಲೀನ್) ಹೊಟ್ಟೆಯ ಮೇಲೆ ಕೈಯಿಟ್ಟ ಕ್ಷಣ ಗುರುತಿಸಬಲ್ಲವನಿಗೂ ಅಲ್ಲಿ ಎದುರಾಗುವುದು ಬೇರೆಯದೇ ಲೋಕ. ಅಲ್ಲಿಯವರೇ ಎರಡು ಮೂರು ಸಲ ಕೂತು ಏಳುತ್ತಿದ್ದ ಪರೀಕ್ಷೆ ಅದು.

ಇನ್ನೊಂದು ಮಾತು. ವಸಾಹತು ಸರಕಾರ ವೈದ್ಯಕೀಯ ಶಾಲೆ ತೆರೆದದ್ದು ಬರಿಯ ಕರುಣೆಯಿಂದಲ್ಲ. ಸೆನ್ನಾರ್ ಅಣೆಕಟ್ಟು 1925ರಲ್ಲಿ ಮುಗಿದು ಗೆಜೀರಾದ ಬಯಲಿಗೆ ಕಾಲುವೆ ನೀರು ಹರಿದಾಗ ಇಂಗ್ಲೆಂಡಿನ ಲ್ಯಾಂಕಾಷೈರಿನ ಗಿರಣಿಗಳಿಗೆ ಹತ್ತಿ ಸಿಕ್ಕಿತು, ಬಯಲಿನ ರೈತರಿಗೆ ಹತ್ತಿಯ ಜೊತೆಗೆ ಮಲೇರಿಯಾವೂ ಬಿಲ್ಹಾರ್ಜಿಯಾವೂ ಸಿಕ್ಕವು. ಕಾಲುವೆಯ ನಿಂತ ನೀರಿನ ಬಸವನಹುಳುವಿನಿಂದ ಹರಡುವ ಬಿಲ್ಹಾರ್ಜಿಯಾ ಹಿಡಿದರೆ ಮೂತ್ರದಲ್ಲಿ ರಕ್ತ ಹೋಗುತ್ತದೆ, ವರ್ಷಗಟ್ಟಲೆ ಸೊರಗಿಸುತ್ತದೆ. ಈ ಜನರನ್ನು ದುಡಿಯುವ ಸ್ಥಿತಿಯಲ್ಲಿ ಇಡಲು ಅಗ್ಗದ ಸ್ಥಳೀಯ ವೈದ್ಯರು ಬೇಕಿತ್ತು. ಹಾಗೆ ತಯಾರಾದವರೇ ಮುಂದೆ ತಮ್ಮನ್ನು ತಯಾರಿಸಿದವರ ಸಮಾನರಾಗಿ ನಿಂತರು.

1964ರ ಕ್ರಾಂತಿಯ ನಂತರ ರಾಷ್ಟ್ರಾಧ್ಯಕ್ಷರ ಸ್ಥಾನದಲ್ಲಿ ಕೂತ ಐವರ ಮಂಡಳಿಯಲ್ಲಿ ಹಲೀಮರ ಜೊತೆಗೆ ಇನ್ನೊಬ್ಬ ದೊಡ್ಡ ವೈದ್ಯರಿದ್ದರು ಎಂಬುದನ್ನೂ ಮರೆಯಬಾರದು. ತಿಜಾನಿ ಅಲ್ ಮಾಹಿ ಆಫ್ರಿಕಾದ ಮನೋವೈದ್ಯಶಾಸ್ತ್ರದ ಆದ್ಯರಲ್ಲಿ ಒಬ್ಬರು. ಮನಸ್ಸಿನ ಕಾಯಿಲೆಯವರನ್ನು ಹಳ್ಳಿಯ ಸೂಫಿ ಗುರುಗಳ ಬಳಿ ಕರೆದೊಯ್ಯುವ ಜನರನ್ನು ಅವರು ಬೈಯಲಿಲ್ಲ, ಆ ಗುರುಗಳೊಂದಿಗೇ ಕೂತು ಕೆಲಸ ಮಾಡಿದರು. ಒಮ್ದುರ್ಮಾನಿನ ಮಾನಸಿಕ ಆಸ್ಪತ್ರೆಗೆ ಅವರದೇ ಹೆಸರಿದೆ. ಒಂದು ದೇಶದ ಅತ್ಯುನ್ನತ ಐದು ಕುರ್ಚಿಗಳಲ್ಲಿ ಒಂದರಲ್ಲಿ ಫಿಸಿಷಿಯನ್, ಇನ್ನೊಂದರಲ್ಲಿ ಸೈಕಿಯಾಟ್ರಿಸ್ಟ್ ಕೂತಿದ್ದರು ಎಂದು ನೆನೆದರೆ ನನ್ನಂಥವನಿಗೆ ಸ್ವಲ್ಪ ಜಂಬ ಬರುವುದು ಸಹಜ.

ಸಂದೇಹಿ

ಡಾಕ್ಟರೇ, ನಿಮ್ಮ ಜಂಬಕ್ಕೆ ನನ್ನ ತಕರಾರಿಲ್ಲ. ಆದರೆ ಈ ಚರ್ಚೆ ಸ್ತುತಿಪಾಠವಾಗುತ್ತಿದೆ ಎಂದು ಅನ್ನಿಸಿ ಬರೆಯುತ್ತಿದ್ದೇನೆ.

ಬೆರಳೆಣಿಕೆಯ ಜನರೇ ಎಲ್ಲವನ್ನೂ ಮಾಡಬೇಕಾಯಿತು ಎಂದು ಹಳೆಯ ನಕಾಶೆಯವರು ಹೇಳುತ್ತಾರೆ. ಬೆರಳೆಣಿಕೆಯ ಜನ ಎಲ್ಲವನ್ನೂ ತಮ್ಮಲ್ಲೇ ಇಟ್ಟುಕೊಂಡರು ಎಂದೂ ಅದನ್ನು ಓದಬಹುದಲ್ಲವೇ? ಆ ಗುಂಪು ಉತ್ತರದ, ಅರಬ್ಬೀ ಮಾತಾಡುವ, ನೈಲ್ ದಂಡೆಯ ಓದಿದ ಕುಟುಂಬಗಳ ಗುಂಪು. 1954ರಲ್ಲಿ ಬ್ರಿಟಿಷರು ಬಿಟ್ಟುಹೋಗಲಿದ್ದ ಸುಮಾರು 800 ಹುದ್ದೆಗಳನ್ನು ಸುಡಾನಿಗಳಿಗೆ ಹಂಚಿದಾಗ ದಕ್ಷಿಣದವರಿಗೆ ದಕ್ಕಿದ್ದು 6. ಮರುವರ್ಷ ಆಗಸ್ಟಿನಲ್ಲಿ ತೋರಿತ್ ಪಟ್ಟಣದ ದಕ್ಷಿಣದ ಸೈನಿಕರು ದಂಗೆ ಎದ್ದರು. ಅಂದರೆ ಸ್ವಾತಂತ್ರ್ಯ ಬರುವ ಮೊದಲೇ ಅಂತರ್ಯುದ್ಧ ಆರಂಭವಾಗಿತ್ತು.

ಈಗ 1957ರ ಕಥೆಗೆ ಬನ್ನಿ. ಬಿಳಿಯರನ್ನೂ ಕರಿಯರನ್ನೂ ಬೆರೆಸದ ತಂಡ ನಮಗೆ ಬೇಡ ಎಂದದ್ದು ಸರಿಯಾದ ನಿಲುವೇ, ಅದನ್ನು ನಾನು ಅಲ್ಲಗಳೆಯುವುದಿಲ್ಲ. ಆದರೆ ಆ ಮಾತು ಹೊರಟ ಊರಿನಲ್ಲಿ ದಕ್ಷಿಣ ಸುಡಾನಿನ ಮನುಷ್ಯನಿಗೆ ಯಾವ ಸ್ಥಾನವಿತ್ತು? ದೂರದ ಜೊಹಾನ್ಸ್‌ಬರ್ಗಿನ ಅನ್ಯಾಯ ಕಾಣುವ ಕಣ್ಣಿಗೆ ತಮ್ಮದೇ ದೇಶದ ದಕ್ಷಿಣದ ಜುಬಾ ಊರಿನ ಅನ್ಯಾಯ ಏಕೆ ಕಾಣಲಿಲ್ಲ? 1964ರ ಮಂಡಳಿಯ ಐವರಲ್ಲಿ ದಕ್ಷಿಣದವರು ಲೂಯಿಜಿ ಅದ್ವೋಕ್ ಒಬ್ಬರೇ. ಆ ಒಡಕಿನ ಕೊನೆಗೆ 2011ರಲ್ಲಿ ದೇಶವೇ ಎರಡಾಯಿತು, ಮರುವರ್ಷ ದಕ್ಷಿಣ ಸುಡಾನ್ ಬೇರೆ ಸದಸ್ಯನಾಗಿ ಅದೇ ಫುಟ್‌ಬಾಲ್ ಒಕ್ಕೂಟಕ್ಕೆ ಸೇರಿತು.

ಅಲ್ಲದೆ ಆರು ತಿಂಗಳು ಒಂದು ಮಂಡಳಿಯಲ್ಲಿ ಕೂತವರನ್ನು ರಾಜಕಾರಣಿ ಎನ್ನುವುದೂ ಸ್ವಲ್ಪ ದುಬಾರಿಯೇ.

ಹಳೆಯ ನಕಾಶೆ

ಸಂದೇಹಿಯವರ ಮಾತಿನ ಮೊದಲ ಭಾಗವನ್ನು ಒಪ್ಪುತ್ತೇನೆ. ನಾನು ಬರೆದದ್ದರಲ್ಲಿ ಆ ಸಣ್ಣ ಗುಂಪಿನ ಭಾರ ಮಾತ್ರ ಕಾಣುತ್ತದೆ, ಅದರ ಅನುಕೂಲ ಕಾಣುವುದಿಲ್ಲ. ಅದು ನನ್ನ ಬರಹದ ಕೊರತೆ. ಆದರೆ ಕೊನೆಯ ಸಾಲಿಗೆ ಉತ್ತರ ಕೊಡಲೇಬೇಕು, ಏಕೆಂದರೆ ಆ ಆರು ತಿಂಗಳು ಹೇಗೆ ಬಂದವು ಎಂದು ನೋಡದೆ ಅವನ್ನು ತೂಗಲಾಗದು.

1958ರ ನವೆಂಬರಿನಿಂದ ಜನರಲ್ ಇಬ್ರಾಹಿಂ ಅಬ್ಬೂದ್ ಅವರ ಸೇನಾ ಆಡಳಿತ ನಡೆಯುತ್ತಿತ್ತು. 1964ರ ಅಕ್ಟೋಬರ್ 21ರಂದು ಖಾರ್ತೂಮ್ ವಿಶ್ವವಿದ್ಯಾಲಯದ ವಿದ್ಯಾರ್ಥಿಗಳು ಸಭೆ ಸೇರಿದರು. ಯಾವುದರ ಬಗ್ಗೆ? ಸಂದೇಹಿಯವರು ಇದನ್ನು ಗಮನಿಸಬೇಕು: ದಕ್ಷಿಣದ ಯುದ್ಧದ ಬಗ್ಗೆಯೇ. ಪೊಲೀಸರು ಗುಂಡು ಹಾರಿಸಿದರು, ಅಹ್ಮದ್ ಅಲ್ ಕುರಶಿ ಎಂಬ ವಿದ್ಯಾರ್ಥಿ ಸತ್ತ. ಮರುದಿನ ಖಾರ್ತೂಮ್ ಆಸ್ಪತ್ರೆಯಿಂದ ಹೊರಟ ಆತನ ಶವದ ಹಿಂದೆ ಸಾವಿರಾರು ಜನ ನಡೆದರು. ಹೆಗಲಿನಿಂದ ಹೆಗಲಿಗೆ ಬದಲಾಗುತ್ತ ಹೋದ ಆ ಚಟ್ಟದ ಹಿಂದೆ ವಿಶ್ವವಿದ್ಯಾಲಯದ ಅಧ್ಯಾಪಕರೂ ಇದ್ದರು. ಅದಾದ ಮೇಲೆ ವೈದ್ಯರು, ವಕೀಲರು, ನ್ಯಾಯಾಧೀಶರು, ಎಂಜಿನಿಯರುಗಳು, ಶಿಕ್ಷಕರು ಒಂದು ವೃತ್ತಿಪರರ ರಂಗ ಕಟ್ಟಿಕೊಂಡು ಸಾರ್ವತ್ರಿಕ ಮುಷ್ಕರಕ್ಕೆ ಕರೆಕೊಟ್ಟರು. ರೈಲು ನಿಂತಿತು, ಕಚೇರಿಗಳು ಮುಚ್ಚಿದವು. ಅಕ್ಟೋಬರ್ 26ರಂದು ಅಬ್ಬೂದ್ ತಮ್ಮ ಸೇನಾ ಮಂಡಳಿಯನ್ನು ವಿಸರ್ಜಿಸಿದರು, ನವೆಂಬರಿನಲ್ಲಿ ತಾವೂ ಇಳಿದರು. ಹೊಸ ಪ್ರಧಾನಿ ಸಿರ್ರ್ ಅಲ್ ಖತೀಮ್ ಅಲ್ ಖಲೀಫಾ ವೃತ್ತಿಯಿಂದ ಶಿಕ್ಷಕ, ಅದೂ ದಕ್ಷಿಣದಲ್ಲಿ ಕೆಲಸ ಮಾಡಿದವರು.

ರಾಷ್ಟ್ರಾಧ್ಯಕ್ಷರ ಸ್ಥಾನದಲ್ಲಿ ಒಬ್ಬರನ್ನು ಕೂರಿಸಿದರೆ ಮತ್ತೆ ಒಬ್ಬ ಅಬ್ಬೂದ್ ಹುಟ್ಟಿಕೊಳ್ಳಬಹುದು. ಆದ್ದರಿಂದ ಐವರ ಸಾರ್ವಭೌಮತ್ವ ಮಂಡಳಿ ಮಾಡಿ, ಅಧ್ಯಕ್ಷತೆ ಸರದಿಯಂತೆ ತಿರುಗುವ ಹಾಗೆ ಮಾಡಿದರು. ಹಲೀಮ್ 1964ರ ಡಿಸೆಂಬರಿನಿಂದ 1965ರ ಜೂನ್‌ವರೆಗೆ ಆ ಮಂಡಳಿಯಲ್ಲಿದ್ದರು. ಆ ಅವಧಿಯಲ್ಲೇ, 1965ರ ಮಾರ್ಚ್ ತಿಂಗಳಲ್ಲಿ, ಉತ್ತರ ಮತ್ತು ದಕ್ಷಿಣದ ನಾಯಕರು ಖಾರ್ತೂಮಿನಲ್ಲಿ ದುಂಡುಮೇಜಿನ ಸುತ್ತ ಕೂತರು. ಮಾತುಕತೆ ಫಲಿಸಲಿಲ್ಲ ಎಂಬುದು ನಿಜ. ಚುನಾವಣೆ ನಡೆಯಿತು, ಹಳೆಯ ಪಕ್ಷಗಳು ಮರಳಿದವು, ಮಂಡಳಿಯ ಅಧ್ಯಕ್ಷತೆ ಇಸ್ಮಾಯಿಲ್ ಅಲ್ ಅಜಹರಿ ಅವರಲ್ಲಿ ಕಾಯಂ ಆಯಿತು, ಹಲೀಮರ ಬಂಧು ಮಹ್ಜೂಬ್ ಪ್ರಧಾನಿಯಾದರು. ಈ ಹಂತದಲ್ಲಿ ಮಂತ್ರಿಪದವಿಯೊಂದಕ್ಕೆ ಕೈಚಾಚುವುದು ಹಲೀಮರಿಗೆ ಕಷ್ಟವಿತ್ತೇ? ಮನೆಯಲ್ಲೇ ಪ್ರಧಾನಿ ಇದ್ದರು. ಅವರ ಹೆಸರು ಮುಂದೆ ಕಾಣುವುದು ಆಫ್ರಿಕಾ ಫುಟ್‌ಬಾಲ್ ಒಕ್ಕೂಟದಲ್ಲಿ, 1968ರಿಂದ ಅಂತಾರಾಷ್ಟ್ರೀಯ ಒಲಿಂಪಿಕ್ ಸಮಿತಿಯಲ್ಲಿ. ರಾಜಕಾರಣದಲ್ಲಿ ಅವರು ಉಳಿದದ್ದು ಎಷ್ಟು ದಿನ ಎನ್ನುವುದಕ್ಕಿಂತ ಯಾವ ಗಳಿಗೆಯಲ್ಲಿ ಬಂದರು, ಯಾವಾಗ ಹೊರಟರು ಎನ್ನುವುದು ನನಗೆ ಮುಖ್ಯವಾಗಿ ಕಾಣುತ್ತದೆ.

ಜುಬಾದ ಅನ್ಯಾಯ ಏಕೆ ಕಾಣಲಿಲ್ಲ ಎಂಬ ಪ್ರಶ್ನೆ ಮಾತ್ರ ಹಾಗೆಯೇ ನಿಲ್ಲುತ್ತದೆ. ಖಾರ್ತೂಮಿನ ಹುಡುಗರಿಗೆ ಕಂಡಿತ್ತು, ಅದಕ್ಕಾಗಿ ಒಬ್ಬ ಗುಂಡಿಗೆ ಎದೆಯೊಡ್ಡಿದ. ಹಿರಿಯರಿಗೆ ಕಂಡದ್ದು ತಡವಾಗಿ ಮತ್ತು ಅರೆಬರೆಯಾಗಿ.

ಸಂದೇಹಿ

ಆ ವಿದ್ಯಾರ್ಥಿಗಳ ಸಭೆ ದಕ್ಷಿಣದ ಪ್ರಶ್ನೆಯ ಮೇಲೆ ನಡೆದದ್ದೆಂದು ನನಗೆ ತಿಳಿದಿರಲಿಲ್ಲ, ತಿಳಿಸಿದ್ದಕ್ಕೆ ಕೃತಜ್ಞ. ಹಲೀಮರ ಬಗೆಗಿನ ನನ್ನ ಕಠೋರತೆಯನ್ನು ಸ್ವಲ್ಪ ಸಡಿಲಿಸುತ್ತೇನೆ, ಅವರ ವರ್ಗದ ಬಗೆಗಿನದನ್ನು ಇಲ್ಲ.

ದಾವಣಗೆರೆ ಕಡೆಯವ

ನೀವೆಲ್ಲ ಪುಸ್ತಕದಿಂದ ಸುಡಾನಿಗೆ ಹೋದವರು. ನಮ್ಮ ಕಡೆ ಆ ಹೆಸರು ಮನೆಮಾತಾದದ್ದು 2023ರ ಏಪ್ರಿಲ್‌ನಲ್ಲಿ. ಸೇನೆ ಮತ್ತು ಅರೆಸೇನಾ ಪಡೆಯ ನಡುವೆ ಯುದ್ಧ ಹೊತ್ತಿಕೊಂಡಾಗ ಗಿಡಮೂಲಿಕೆಯ ಔಷಧ, ತಲೆಗೂದಲಿನ ಎಣ್ಣೆ ಮಾರಲು ಹೋಗಿದ್ದ ಕರ್ನಾಟಕದ ಹಕ್ಕಿಪಿಕ್ಕಿ ಜನ ಎಲ್ ಫಾಶರ್ ನಗರದಲ್ಲಿ ಸಿಕ್ಕಿಬಿದ್ದಿದ್ದರು, ಆಮೇಲೆ ಭಾರತ ಸರಕಾರದ 'ಆಪರೇಷನ್ ಕಾವೇರಿ'ಯಲ್ಲಿ ವಾಪಸು ಬಂದರು. ನಾನು ಆ ಸಮಯದಲ್ಲಿ ಹಾಗೆ ಮರಳಿದ ಒಬ್ಬರೊಂದಿಗೆ ಮಾತಾಡಿದ್ದೆ. ಗುಂಡಿನ ಸದ್ದಿಗಿಂತ ಹೆಚ್ಚಾಗಿ ಅವರು ನೆನೆದದ್ದು, ಕುಡಿಯುವ ನೀರಿಲ್ಲದ ದಿನಗಳಲ್ಲಿ ಪಕ್ಕದ ಮನೆಯ ಹೆಂಗಸು ಗೋಡೆಯ ಮೇಲಿಂದ ಕೊಡ ಇಳಿಸುತ್ತಿದ್ದುದನ್ನು. ಅಲ್ಲಿಯ ಜನ ಮದ್ದು ಕೊಡುವವರನ್ನು ಗೌರವಿಸುತ್ತಾರೆ, ನಮ್ಮನ್ನೂ ಹಕೀಮ್ ಎಂದೇ ಕರೆಯುತ್ತಿದ್ದರು ಎಂದರು. ಡಾಕ್ಟರನ್ನು ದೇಶದ ಕುರ್ಚಿಯಲ್ಲಿ ಕೂರಿಸಿದ ಕಥೆ ಓದುವಾಗ ಆ ಮಾತು ನೆನಪಾಯಿತು.

ನಿವೃತ್ತ ಫಿಸಿಷಿಯನ್

ಹೌದು, ಅರಬ್ಬಿಯಲ್ಲಿ ಹಕೀಮ್ ಎಂದರೆ ವೈದ್ಯನೂ ಹೌದು, ಬಲ್ಲವನೂ ಹೌದು. ನನ್ನ ತರಗತಿಯಲ್ಲಿದ್ದ ಒಬ್ಬ ಸುಡಾನಿ ವಿದ್ಯಾರ್ಥಿ ರೋಗಿಯ ಹಾಸಿಗೆಯ ಬಳಿ ಹೋದಾಗ ಮೊದಲು ಬಲಗೈಯನ್ನು ತನ್ನ ಎದೆಗೆ ಒತ್ತಿಕೊಂಡು ತಲೆ ಬಾಗಿಸುತ್ತಿದ್ದ, ಆಮೇಲೇ ರೋಗಿಯ ಕೈ ಹಿಡಿಯುತ್ತಿದ್ದ. ನಮ್ಮ ಕನ್ನಡದ ಅಜ್ಜಿಯರಿಗೆ ಅವನ ಭಾಷೆ ಬರುತ್ತಿರಲಿಲ್ಲ, ಆದರೂ ವಾರ್ಡಿನಲ್ಲಿ ಅವನನ್ನೇ ಕೇಳುತ್ತಿದ್ದರು. ಅವನ ತಂದೆ ಓದಿದ್ದು ಖಾರ್ತೂಮಿನಲ್ಲಿ, 1951ರಲ್ಲಿ ವಿಶ್ವವಿದ್ಯಾಲಯ ಕಾಲೇಜಿನೊಂದಿಗೆ ಒಂದಾದ ಆ ಹಳೆಯ ಕಿಚನರ್ ಶಾಲೆಯಲ್ಲೇ.

ಕಾಲ್ಚೆಂಡಿನ ಹುಚ್ಚು

ಒಂದು ಸಣ್ಣ ಸೇರ್ಪಡೆ. ಒಕ್ಕೂಟದ ಮೊದಲ ಕಚೇರಿ ಇದ್ದದ್ದು ಖಾರ್ತೂಮಿನಲ್ಲೇ. ಕೆಲವು ತಿಂಗಳಲ್ಲಿ ಸುಡಾನ್ ಫುಟ್‌ಬಾಲ್ ಸಂಘದ ಕಚೇರಿಗೆ ಬೆಂಕಿ ಬಿದ್ದ ಮೇಲೆ ಅದು ಕೈರೋ ಕಡೆಗೆ ಹೋಯಿತು, ಮತ್ತೆ ಮರಳಲಿಲ್ಲ. ಹಲೀಮ್ 2009ರಲ್ಲಿ, ನೂರಕ್ಕೆ ಒಂದು ಹೆಜ್ಜೆ ಈಚೆಗೆ, ತೀರಿಕೊಂಡರು. ಈಗಿನ ಯುದ್ಧದಲ್ಲಿ ಸುಡಾನಿನ ತಂಡಕ್ಕೆ ತನ್ನ ನೆಲದಲ್ಲಿ ಆಡುವ ಮೈದಾನವಿಲ್ಲ. ತಮ್ಮ 'ಮನೆಯ ಪಂದ್ಯ'ಗಳನ್ನು ಲಿಬಿಯಾದಲ್ಲಿ, ಮತ್ತು, ಸಂದೇಹಿಯವರು ಕೇಳಿಸಿಕೊಳ್ಳಲಿ, ದಕ್ಷಿಣ ಸುಡಾನಿನ ಜುಬಾ ನಗರದಲ್ಲಿ ಆಡುತ್ತಲೇ ಅವರು ಮೊರಾಕೊದ 2025ರ ಆಫ್ರಿಕಾ ಕಪ್ಪಿಗೆ ಅರ್ಹತೆ ಪಡೆದರು.